ಎಳೆದುಕೊಳ್ಳದ ಕೈ

ಚಿಕ್ಕತಾಯಮ್ಮ ಹಾಸಿಗೆಯ ಮೇಲೆ ಮಲಗಿ ತನ್ನ ಎರಡೂ ಕೈಗಳನ್ನು ಯಂತ್ರದ ಎರಡು ತಟ್ಟೆಗಳ ಮೇಲೆ ಅಂಗೈ ಮೇಲಾಗಿ ಇಟ್ಟಳು, ಮದರಂಗಿ ಹಚ್ಚಿಸಿಕೊಳ್ಳಲು ಕೂತ ಮದುವಣಗಿತ್ತಿಯ ಹಾಗೆ. ಕೈಯನ್ನು ಕಟ್ಟಿ ಹಿಡಿಯಲು ಅಲ್ಲಿ ಪಟ್ಟಿಯಿರಲಿಲ್ಲ, ಕೊಂಡಿಯಿರಲಿಲ್ಲ. ಅದೇ ಆ ಯಂತ್ರದ ಹೆಚ್ಚುಗಾರಿಕೆ ಎಂದು ಡಾಕ್ಟರ್ ಇರಾವತಿ ಶಾನುಭಾಗ್ ಬಂದವರಿಗೆಲ್ಲ ಹೇಳುತ್ತಿದ್ದರು.

“ನೋಡಿ ಚಿಕ್ಕತಾಯಮ್ಮನವರೇ, ನಿಮ್ಮನ್ನು ಯಾರೂ ಹಿಡಿದುಕೊಂಡಿಲ್ಲ. ಮೊದಲು ಇರುವೆ ಹರಿದ ಹಾಗಾಗುತ್ತದೆ. ನಿಜವಾದ ನೋವು ಬಂದ ಕ್ಷಣಕ್ಕೆ ಕೈ ತಾನೇ ಹಿಂದಕ್ಕೆ ಬರುತ್ತದೆ. ನೀವು ಯೋಚಿಸುವಷ್ಟರಲ್ಲಿ ಬಂದುಬಿಟ್ಟಿರುತ್ತದೆ. ರಾಗಿಕಾಳಿನಷ್ಟು ಸರಿದರೂ ಸಾಕು, ಯಂತ್ರ ನಿಂತುಹೋಗುತ್ತದೆ. ದೇಹಕ್ಕಿಂತ ನಿಯತ್ತಿನ ಮೀಟರನ್ನು ಇನ್ನೂ ಯಾರೂ ಮಾಡಿಲ್ಲ.”

“ಆಯ್ತು ಕಣ್ರವ್ವ.”

“ಇಷ್ಟರ ಮೇಲೂ ಭಯವಾದರೆ ಅಲ್ಲಿ ನಿಮ್ಮ ಮಗಳೇ ಕೂತಿದ್ದಾಳೆ.”

ಮಗಳು ಜಯಶೀಲ ಆ ನರಚಿಕಿತ್ಸಾ ಕೇಂದ್ರದಲ್ಲೇ ಸಹಾಯಕಿ. ಇವತ್ತು ಮಾತ್ರ ಬಿಳಿ ಕೋಟು ಬಿಟ್ಟು, ದಾನಿಯ ಮನೆಯವರು ಕೂರುವ ಕುರ್ಚಿಯಲ್ಲಿ ಕೂತಿದ್ದಳು. ಅವಳ ಮುಂದೆ ಬಟ್ಟಲಿನಷ್ಟು ಆಳದ ಒಂದು ಗುಳಿ, ಗುಳಿಯ ತಳದಲ್ಲಿ ಯಂತ್ರ ನಿಲ್ಲಿಸುವ ಕೆಂಪು ಗುಂಡಿ. ಮೊಣಕೈಯೋ ಸೆರಗೋ ತಗಲಿ ಸುಮ್ಮನೆ ಒತ್ತಿಹೋಗಬಾರದೆಂದು ಹಾಗೆ ಮಾಡಿದ್ದರು. ಬೆರಳು ಇಳಿಸಿ, ಮೂರು ಎಣಿಸುವವರೆಗೆ ಒತ್ತಿ ಹಿಡಿಯಬೇಕು. ರಕ್ತಸಂಬಂಧಿಯೊಬ್ಬರು ಗುಂಡಿಯ ಮುಂದಿರಬೇಕು ಎಂಬುದು ಕೇಂದ್ರದ ನಿಯಮ.

“ನೀರು ಗೀರು ಬೇಕೇನವ್ವ?” ಎಂದಳು ಜಯಶೀಲ.

“ಬುಡು, ಆಮೇಲೆ ಒಂದಕ್ಕೆ ಬಂದ್ರೆ ಯಾರು ಎಬ್ಬಿಸ್ತಾರೆ.” ಚಿಕ್ಕತಾಯಮ್ಮ ನಕ್ಕಳು. ನಕ್ಕ ಬಾಯಿಗೆ ದಾದಿಯೊಬ್ಬಳು ರಬ್ಬರಿನ ತುಂಡು ಇಟ್ಟಳು, ನಾಲಿಗೆ ಕಚ್ಚಿಕೊಳ್ಳದಿರಲೆಂದು.

ಈ ಯಂತ್ರ ಏನು ಮಾಡುತ್ತದೆ ಎಂಬುದನ್ನು ಜಯಶೀಲ ತನ್ನೂರು ಗೂಡುಪೇಟೆಯ ನೂಲು ತೆಗೆಯುವ ಹೆಂಗಸರಿಗೆ ರೇಷ್ಮೆಯ ಲೆಕ್ಕದಲ್ಲೇ ಹೇಳಿದ್ದಳು. ರೇಷ್ಮೆ ಎಳೆಯ ಸುತ್ತ ಅಂಟು ಇರುವಂತೆ ನರದ ಸುತ್ತ ಕೊಬ್ಬಿನ ಪೊರೆಯಿರುತ್ತದೆ. ಅದರ ಮೇಲೆ, ಈರುಳ್ಳಿಯ ಒಳಸಿಪ್ಪೆಯಂಥ ಇನ್ನೊಂದು ತೆಳು ಕವಚ. ಕೈಯ ನರ ತುಂಡಾದರೆ ಮುಂದಿನ ಎಳೆ ಸಾಯುತ್ತದೆ. ಕವಚ ಮಾತ್ರ ಖಾಲಿ ಕೊಳವೆಯಾಗಿ ಉಳಿದು ಕಾಯುತ್ತದೆ. ಹೊಸ ಎಳೆ ಆ ಕೊಳವೆಯೊಳಗೆ ದಿನಕ್ಕೊಂದು ಮಿಲಿಮೀಟರಿನಂತೆ ತೆವಳುತ್ತ ಬಂದು ಮತ್ತೆ ಬೆರಳ ತುದಿ ಮುಟ್ಟುತ್ತದೆ. ಬೆನ್ನುಹುರಿಗೆ ಈ ಭಾಗ್ಯವಿಲ್ಲ. ಅಲ್ಲಿನ ನರಗಳಿಗೆ ಆ ಹೊರಗವಚ ಹುಟ್ಟಿನಿಂದಲೇ ಇಲ್ಲ. ಅದಕ್ಕೇ ಸೊಂಟ ಮುರಿದವನು ಮತ್ತೆ ಏಳುವುದಿಲ್ಲ.

ಹಾಗಾದರೆ ಇಲ್ಲಿಯದನ್ನು ಸುಲಿದು ಅಲ್ಲಿಗೆ ತೊಡಿಸಿದರೆ?

ಡಾಕ್ಟರ್ ಇರಾವತಿ ಹದಿನೇಳು ವರ್ಷ ಈ ಒಂದು ಪ್ರಶ್ನೆಯ ಹಿಂದೆ ಬಿದ್ದಿದ್ದರು. ಹೆಣದ ಕವಚ ನಿಲ್ಲಲಿಲ್ಲ. ಮರಗಟ್ಟಿಸಿ ತೆಗೆದ ಕವಚವೂ ನಿಲ್ಲಲಿಲ್ಲ, ಔಷಧಿ ತಾಕಿದ್ದೇ ಅದರ ಕಣಗಳು ಮುದುಡಿ ಸಾಯುತ್ತಿದ್ದವು. ಬದುಕಿರುವ, ಎಚ್ಚರವಾಗಿರುವ, ಆ ಗಳಿಗೆಯಲ್ಲೂ ಸುದ್ದಿ ಒಯ್ಯುತ್ತಿರುವ ನರದ ಕವಚ ಮಾತ್ರ ಬೆನ್ನಿನಲ್ಲಿ ಬೇರೂರಿತು. ಸುಲಿಸಿಕೊಂಡವರಿಗೂ ಅಂಥ ನಷ್ಟವಿಲ್ಲ. ಒಂದು ವರ್ಷ ಬೆರಳು ಮಂಕಾಗಿದ್ದು ಕವಚ ಮತ್ತೆ ಬೆಳೆಯುತ್ತದೆ, ಅಡಿಯ ಹಾಸು ಪದರವನ್ನು ಮುಟ್ಟದಿದ್ದರೆ. ಹಾಸು ಎಷ್ಟು ಆಳದಲ್ಲಿದೆ ಎಂದು ಯಾವ ಚಿತ್ರವೂ ತೋರಿಸದು. ಒಬ್ಬೊಬ್ಬರಿಗೆ ಒಂದೊಂದು ಥರ. ಮೂರರಿಂದ ಆರು ಸೆಂಟಿಮೀಟರಿನೊಳಗೆ ಎಲ್ಲೋ ಒಂದು ಕಡೆ ಸೂಜಿ ಆ ಹಾಸು ಪದರಕ್ಕೆ ತಾಕುತ್ತದೆ, ಪ್ರಾಣ ಹೋಗುವಂತೆ ಉರಿಯುತ್ತದೆ, ಕೈ ಹಿಂದಕ್ಕೆ ಸರಿಯುತ್ತದೆ. ಅಲ್ಲಿಗೆ ನಿಲ್ಲಬೇಕು.

“ಬಾಯಿಯನ್ನು ನಂಬಬೇಡಿ,” ಎಂದು ಡಾಕ್ಟರು ಕಲಿಸುತ್ತಿದ್ದರು. “ಬಾಯಿ ಹೆದರಿಕೆಗೂ ಮುಲುಗುತ್ತದೆ. ಕೈ ಮಾತ್ರ ನಿಜ ಹೇಳುತ್ತದೆ.”

*

ಎದ್ದು ನಡೆಯಬೇಕಾಗಿದ್ದವನು ಮಾದೇಶ, ಚಿಕ್ಕತಾಯಮ್ಮನ ಹಿರಿಯ ಮಗ. ಮದುವೆ ಚಪ್ಪರಗಳಿಗೆ ದೀಪದ ಸರ ಕಟ್ಟುವುದು ಅವನ ಕಸುಬು. ಛತ್ರವೊಂದರ ಮುಂದೆ ಕಟ್ಟಿದ್ದ ಕಬ್ಬಿಣದ ಅಟ್ಟಣಿಗೆಯಿಂದ ಹಿಮ್ಮುಖವಾಗಿ ಬಿದ್ದಿದ್ದ. ಬಿದ್ದಾಗ ಎಲ್ಲ ದೀಪ ಹತ್ತಿಕೊಂಡೇ ಇದ್ದವಂತೆ. ಅದನ್ನು ಅವನು ಹೆಮ್ಮೆಯಿಂದ ಹೇಳುತ್ತಿದ್ದ. ಎರಡು ವರ್ಷದಿಂದ ಸೊಂಟದ ಕೆಳಗೆ ಅವನಿಗೆ ಏನೂ ಇರಲಿಲ್ಲ. ನಾಲಿಗೆ ಮಾತ್ರ ಮೊದಲಿಗಿಂತ ಚುರುಕಾಗಿತ್ತು.

ಅವನ ಬೆನ್ನಿನ ಅಂತರ ತುಂಬಲು ಒಂದೊಂದು ಬದಿಗೆ ಹನ್ನೊಂದು ಸೆಂಟಿಮೀಟರ್ ಕವಚ ಬೇಕಿತ್ತು. ಹೊಂದುವುದು ತಾಯಿಯದು ಮತ್ತು ತಂಗಿಯದು ಮಾತ್ರ. ‘ತಾಯಿಯಿಂದ ಆದಷ್ಟು, ಉಳಿದದ್ದು ತಂಗಿಯಿಂದ’ ಎಂದು ಕಾಗದ ತಯಾರಾಯಿತು. ಚಿಕ್ಕತಾಯಮ್ಮ ಹೆಬ್ಬೆಟ್ಟು ಒತ್ತಿದಳು. ಜಯಶೀಲ ಸಹಿ ಹಾಕಿದಳು, ಹಾಕಿ ಪೆನ್ನು ಹಿಡಿದ ತನ್ನ ಬೆರಳುಗಳನ್ನು ನೋಡಿಕೊಂಡಳು.

ಅವಳಿಗೆ ಇದ್ದದ್ದು ಬೆರಳುಗಳು ಮಾತ್ರ. ರೂಪವಿರಲಿಲ್ಲ, ಮಾತು ಬರುತ್ತಿರಲಿಲ್ಲ. ನಾಲ್ಕು ಜನರ ನಡುವೆ ನಿಂತರೆ ಗೋಡೆಯ ಬಣ್ಣವೇ ಆಗಿಬಿಡುತ್ತಿದ್ದಳು. ಆದರೆ ಸೂಕ್ಷ್ಮದರ್ಶಕದ ಕೆಳಗೆ, ಕೂದಲಿಗಿಂತ ತೆಳು ಸೂಜಿಯಿಂದ ಒಂದೇ ಒಂದು ನರದ ಎಳೆಯನ್ನು ಹರಿಯದಂತೆ ಬಿಡಿಸಿಡುವುದು ಇಡೀ ಕೇಂದ್ರದಲ್ಲಿ ಅವಳೊಬ್ಬಳಿಗೆ ಸಾಧ್ಯವಿತ್ತು. ದೊಡ್ಡ ದೊಡ್ಡ ಊರುಗಳಿಂದ ಬಂದ ವಿಜ್ಞಾನಿಗಳು ಅವಳ ಹಿಂದೆ ಉಸಿರು ಬಿಗಿಹಿಡಿದು ನಿಂತು ನೋಡುತ್ತಿದ್ದರು. ಆ ಹೊತ್ತಿನಲ್ಲಿ ಮಾತ್ರ ಅವಳಿಗೆ ತಾನೂ ಒಬ್ಬಳು ಅನ್ನಿಸುತ್ತಿತ್ತು. ಒಂದು ವರ್ಷ ಬೆರಳು ಮಂಕಾದರೆ ಆ ಕುರ್ಚಿಗೆ ಇನ್ನೊಬ್ಬರು ಬಂದಿರುತ್ತಾರೆ. ಕೆಲವರಿಗೆ ಒಂದು ವರ್ಷವಲ್ಲ, ಚುರುಕು ತಿರುಗಿ ಬರಲೇ ಇಲ್ಲ.

ಆ ಬೆರಳುಗಳು ಬಂದದ್ದು ಗೂಡುಪೇಟೆಯಿಂದ. ಬೇಯುವ ರೇಷ್ಮೆಗೂಡಿನ ಬಾಣಲೆಯ ಮುಂದೆ ಚಿಕ್ಕತಾಯಮ್ಮ ಕೂತದ್ದು ಹನ್ನೆರಡನೆಯ ವಯಸ್ಸಿಗೆ. ಮಗಳನ್ನು ಕೂರಿಸಿದ್ದು ಒಂಬತ್ತಕ್ಕೆ. ಕುದಿವ ನೀರಿನಲ್ಲಿ ಕುಣಿಯುವ ಗೂಡುಗಳೊಳಗೆ ಬೆರಳು ಆಡಿಸಿ, ಕಣ್ಣಿಗೆ ಕಾಣದ ಎಳೆಯ ತುದಿಯನ್ನು ಮುಟ್ಟಿ ತಿಳಿದು, ಎಂಟು ಗೂಡಿನ ಎಂಟು ಎಳೆ ಕೂಡಿಸಿ ರಾಟೆಗೆ ಕೊಡಬೇಕು. ಸುಟ್ಟಿತೆಂದು ಕೈ ಎಳೆದುಕೊಂಡರೆ ಎಂಟೂ ಹರಿಯುತ್ತವೆ. ಹೊಸಬರು ಪಕ್ಕದಲ್ಲಿ ತಣ್ಣೀರಿನ ಬೋಸಿ ಇಟ್ಟುಕೊಂಡು ಆಗಾಗ ಕೈ ಅದ್ದುತ್ತಾರೆ. ಚಿಕ್ಕತಾಯಮ್ಮ ಮಗಳಿಗೆ ಬೋಸಿ ಇಡಲಿಲ್ಲ. ಮಗಳ ಮಣಿಕಟ್ಟಿನ ಮೇಲೆ ಎರಡು ಬೆರಳಿಟ್ಟು ನೀರಿಗೆ ಅದುಮಿ ಹಿಡಿದು, “ಎಣ್ಸು, ಹತ್ತರ ಗಂಟ ಎಣ್ಸು” ಎನ್ನುತ್ತಿದ್ದಳು. “ಉರಿ ಎಲ್ಲಾದ್ರೂ ಹೋಗ್ಲೇಬೇಕು ಕಣೆ. ಕಾಲ್ಗೆ ಕಳ್ಸು. ಕೈಗೆ ಗೊತ್ತಾಗ್ಬಾರ್ದು.”

ಬಾಣಲೆಯ ಮುಂದೆ ಕೂತ ಎಲ್ಲ ಹೆಂಗಸರೂ ಹಾಗೆಯೇ. ನೀರು ಮಿತಿಮೀರಿ ಕಾದಾಗ ಕೈ ಒಂದಿಷ್ಟೂ ಅಲುಗುವುದಿಲ್ಲ. ಬಲಗಾಲಿನ ಹೆಬ್ಬೆರಳು ಮಾತ್ರ ಮಡಿಸಿಕೊಂಡು ನೆಲವನ್ನು ಒತ್ತುತ್ತದೆ. ಐದು ವರ್ಷ ಕಳೆಯುವಷ್ಟರಲ್ಲಿ ಬೇಕೆಂದರೂ ಕೈ ಎಳೆದುಕೊಳ್ಳಲು ಬರುವುದಿಲ್ಲ. ಜಯಶೀಲ ಹದಿನಾಲ್ಕಕ್ಕೆ ಬಾಣಲೆ ಬಿಟ್ಟು ಶಾಲೆಯ ಹಾಸ್ಟೆಲಿಗೆ ಹೋದಳು. ತಾಯಿ ಬಾಣಲೆ ಬಿಡಲಿಲ್ಲ.

ಈ ಸಂಗತಿ ಡಾಕ್ಟರ್ ಇರಾವತಿಗೆ ಗೊತ್ತಿರಲಿಲ್ಲ. ಗೊತ್ತಿದ್ದದ್ದು ಆ ಕೋಣೆಯಲ್ಲಿ ಇಬ್ಬರಿಗೆ. ಒಬ್ಬಳ ಬಾಯಲ್ಲಿ ರಬ್ಬರಿತ್ತು.

*

ಸೂಜಿಗಳು ಮಣಿಕಟ್ಟಿನಲ್ಲಿ ಇಳಿದವು. ಗಾಜಿನ ದಾರದಂಥ ಎರಡು ಎಳೆಗಳು ಎರಡು ಪುಟ್ಟ ರಾಟೆಗಳಿಗೆ ಸುತ್ತಿಕೊಳ್ಳತೊಡಗಿದವು. ಪರದೆಯ ಮೇಲೆ ಅಂಕಿ ಏರಿತು. ಒಂದು. ಎರಡು. ಚಿಕ್ಕತಾಯಮ್ಮ ಆ ರಾಟೆಗಳನ್ನೇ ಕುತೂಹಲದಿಂದ ನೋಡುತ್ತಿದ್ದಳು, ಯಾರೋ ತನ್ನ ಕೆಲಸವನ್ನು ಸರಿಯಾಗಿ ಮಾಡುತ್ತಾರೋ ಇಲ್ಲವೋ ಎನ್ನುವ ಹಾಗೆ. ಮೂರು. ನಾಲ್ಕು. ಐದು.

ಐದೂವರೆಯ ಹತ್ತಿರ ಅವಳ ಕಣ್ಣು ರಾಟೆಯನ್ನು ಬಿಟ್ಟಿತು. ಹಣೆಯ ಮೇಲೆ ಬೆವರು ಒಮ್ಮೆಲೇ, ಒರತೆ ಒಡೆದಂತೆ ಬಂತು. ಜಯಶೀಲ ಹಾಸಿಗೆಯ ತುದಿಯನ್ನು ನೋಡಿದಳು. ಬಿಳಿ ಹೊದಿಕೆಯ ಕೆಳಗೆ ಬಲಗಾಲಿನ ಹೆಬ್ಬೆರಳು ಮಡಿಸಿಕೊಂಡಿತ್ತು.

ಅವಳ ಬೆರಳು ಗುಳಿಗೆ ಇಳಿಯಿತು. ಗುಂಡಿ ತಣ್ಣಗಿತ್ತು.

ಆರು. ಡಾಕ್ಟರರ ಹುಬ್ಬು ಮೇಲೇರಿತು. “ಇನ್ನೂ ಅಲುಗಿಲ್ಲ!”

ಈಗ ಒತ್ತಿದರೆ ಆರು. ಉಳಿಯುವುದು ಐದು. ಐದು ನನ್ನಿಂದ. ಜಯಶೀಲಳ ತಲೆಯಲ್ಲಿ ಕಳೆಯುವ ಲೆಕ್ಕ ತಾನೇ ತಾನಾಗಿ ನಡೆಯಿತು. ಏಳು. ಉಳಿಯುವುದು ನಾಲ್ಕು. ಮಿತಿ ದಾಟಿಯೇ ಹೋಗಿದೆ, ಹಾಸು ಹರಿದಿದ್ದರೆ ಹರಿದೇ ಹೋಗಿದೆ. ಈಗ ನಿಲ್ಲಿಸಿ ಯಾರಿಗೇನು ಬಂತು? ಎಂಟು. ಹೊದಿಕೆಯ ಕೆಳಗೆ ಹೆಬ್ಬೆರಳು ನಡುಗುತ್ತಿತ್ತು. ಮೂಗಿನಲ್ಲಿ ಮುಲುಗು ಹೊರಟಿತು. ದಾದಿ ಬಾಗಿ, “ಅಷ್ಟೇ ಅಷ್ಟೇ, ಕೈ ಆರಾಮಾಗೇ ಇದೆ ನೋಡಿ” ಎಂದಳು.

“ಹೀಗೂ ಉಂಟಾ!” ಡಾಕ್ಟರು ಮಗುವಿನ ಹಾಗೆ ಕೈ ಉಜ್ಜಿಕೊಂಡರು. “ಈಕೆಯ ಹಾಸು ಎಷ್ಟು ಆಳದಲ್ಲಿರಬೇಕು! ಹೋಗಲಿ, ಹೋಗಲಿ. ಹನ್ನೊಂದೂ ಇವರಿಂದಲೇ ಆದೀತು.”

ಒಂಬತ್ತರಲ್ಲಿ ಚಿಕ್ಕತಾಯಮ್ಮ ಮುಖ ಹೊರಳಿಸಿ ಮಗಳನ್ನು ನೋಡಿದಳು. ಜಯಶೀಲ ಪರದೆಯ ಅಂಕಿಯನ್ನು ನೋಡಿದಳು. ಅಂಕಿ ಒಳ್ಳೆಯ ಹಸಿರು ಬಣ್ಣದಲ್ಲಿತ್ತು. ಹತ್ತು. ಹತ್ತೂವರೆ. ಹನ್ನೊಂದು.

ಬಾಯಿಂದ ರಬ್ಬರು ತೆಗೆದಾಗ ಅದರಲ್ಲಿ ಎರಡು ಹಲ್ಲು ಊರಿ ನಿಂತಿದ್ದವು. ಕಣ್ಣೀರು ಇಳಿದು ಎರಡೂ ಕಿವಿಗಳಲ್ಲಿ ತುಂಬಿಕೊಂಡಿತ್ತು. ಡಾಕ್ಟರು, “ಹೇಗಿತ್ತು ಚಿಕ್ಕತಾಯಮ್ಮನವರೇ?” ಎಂದರು. ಅವಳು ಬಹಳ ಹೊತ್ತು ತುಟಿ ಆಡಿಸಿ, ಕೊನೆಗೆ, “ಎಳೆ ಹರೀಲಿಲ್ವಾ?” ಎಂದು ಕೇಳಿದಳು.

“ಒಂದೂ ಹರಿಯಲಿಲ್ಲ.”

“ಸರಿ ಬುಡಿ.”

*

ಮನೆಗೆ ಬಂದ ಚಿಕ್ಕತಾಯಮ್ಮನ ಕೈಗಳ ಮೇಲೆ ಗಾಯವಿರಲಿಲ್ಲ. ನೋಡಿದವರಿಗೆ ಅದೇ ಕೈ, ಐವತ್ತು ವರ್ಷ ಬೆಂದು ಬೆಳ್ಳಗಾದ ಅದೇ ಬೆರಳು. ಒಳಗೆ ನರಗಳು ಬತ್ತಲೆಯಾಗಿದ್ದವು. ಸೊಳ್ಳೆ ಕೂತರೆ ಕೆಂಡ, ನೀರು ತಾಕಿದರೆ ಕೆಂಡ, ಸೆರಗಿನ ಅಂಚು ಸೋಕಿದರೆ ಕೆಂಡ. ಎಣ್ಣೆ ಹಚ್ಚುವಂತಿರಲಿಲ್ಲ, ಬಟ್ಟೆ ಸುತ್ತುವಂತಿರಲಿಲ್ಲ. ಹಗಲೂ ರಾತ್ರಿ ಎರಡೂ ಕೈಗಳನ್ನು ಗಾಳಿಯಲ್ಲಿ ಎತ್ತಿ ಹಿಡಿದು, ಯಾರಿಂದಲೋ ಏನನ್ನೋ ಇಸಿದುಕೊಳ್ಳುವವಳ ಹಾಗೆ ಕೂತಿರುತ್ತಿದ್ದಳು. ಜಯಶೀಲ ತುತ್ತು ಮಾಡಿ ಉಣ್ಣಿಸುತ್ತಿದ್ದಳು, ಬಚ್ಚಲಿಗೆ ಒಯ್ದು ತೊಳೆಯುತ್ತಿದ್ದಳು. ಇಬ್ಬರೂ ಆ ದಿನದ ಮಾತೆತ್ತುತ್ತಿರಲಿಲ್ಲ.

ಮಾದೇಶನ ಕಾಲ ಬೆರಳು ನಾಲ್ಕನೆಯ ತಿಂಗಳಿಗೆ ಅಲುಗಿತು. ಆರಕ್ಕೆ ಗೋಡೆ ಹಿಡಿದು ನಿಂತ. ಏಳಕ್ಕೆ ಕೋಲೂರಿಕೊಂಡು ಬೀಡಿ ಅಂಗಡಿಯವರೆಗೆ ಹೋದ. ಅಲ್ಲಿ ಗೆಳೆಯರಿಗೆ, “ಏ ನೋಡ್ರಲಾ, ಅವ್ವನ ಕೈ ಮೇಲೆ ನಡೀತಿವ್ನಿ!” ಎಂದು ಹೇಳಿ ನಗಿಸಿದ. ಮನೆಗೆ ಬಂದವನು ಅವ್ವನ ಕೋಣೆಯ ಫ್ಯಾನು ಹಾಕಿದ. ಚಿಕ್ಕತಾಯಮ್ಮ ಹಲ್ಲು ಕಚ್ಚಿದಳು, ಉಳಿದಿದ್ದ ಹಲ್ಲು.

“ಅಣ್ಣಾ, ಆರ್ಸು ಅದ್ನ!” ಜಯಶೀಲ ಓಡಿ ಬಂದಳು.

“ಎರಡು ವರ್ಷ ಆದ್ಮೇಲೆ ಕಾಲು ಬೆವರ್ತಾ ಐತೆ ಕಣಮ್ಮಿ. ಸ್ವಲ್ಪ ಸುಖ ಪಡಕ್ಕೆ ಬುಡು. ಒಂದ್ರಲ್ಲೇ ಮಡಗಿವ್ನಿ.”

“ಅವ್ವನ ಕೈ…”

“ಅವ್ವ ಏನಾದ್ರೂ ಅಂದ್ಲಾ? ಅವ್ವ, ಆರುಸ್ಲಾ?”

“ಇರ್ಲಿ ಬುಡು, ಬೆವರ್ತಾ ಐತಂತಲ್ಲ,” ಎಂದಳು ಚಿಕ್ಕತಾಯಮ್ಮ. ಅವಳ ಹೆಬ್ಬೆರಳು ಚಾಪೆಯನ್ನು ಕೆರೆಯುತ್ತಿತ್ತು.

ಪಕ್ಕದ ಬಾಣಲೆಯ ಹಸೀನಾಬಿ ಒಂದು ಸಂಜೆ ನೋಡಲು ಬಂದಳು. ನಲವತ್ತು ವರ್ಷ ಇಬ್ಬರೂ ಒಂದೇ ಒಲೆಯ ಹೊಗೆ ಕುಡಿದವರು. ಗೆಳತಿಯ ಕೈಗಳನ್ನು ಮುಟ್ಟದೆ, ಬಾಗಿ, ಎಷ್ಟೋ ಹೊತ್ತು ನೋಡಿದಳು.

“ಕೈ ಎಳ್ಕೊಂಡ್ರೆ ನಿಲ್ತಿತ್ತಂತೆ?”

“ಹೂಂ.”

“ನಮ್ಮ ಕೈ ಎಲ್ಲಿ ಎಳ್ಕೊತದೆ ಚಿಕ್ಕತಾಯಿ? ಡಾಕ್ಟ್ರಮ್ಮಂಗೆ ಯಾರೂ ಹೇಳ್ಲಿಲ್ವಾ?” ಹಸೀನಾಬಿ ತಲೆಯೆತ್ತಿ ಬಾಗಿಲಲ್ಲಿ ನಿಂತ ಜಯಶೀಲಳನ್ನು ನೋಡಿದಳು. “ಹೇಳೋಳು ಒಳಗೇ ಇದ್ಲಲ್ಲ.”

“ಟೀ ಕುಡ್ದು ಹೋಗು ಹಸೀನಾ. ಶೀಲಾ, ಟೀ ಮಡಗೆ.”

ಜಯಶೀಲ ಒಳಗೆ ಹೋಗಿ ಟೀ ಮಡಗಿದಳು. ಹಾಲು ಉಕ್ಕಿ ಒಲೆಯ ಮೇಲೆ ಚೆಲ್ಲುವವರೆಗೂ ಪಾತ್ರೆಯ ಮುಂದೆಯೇ ನಿಂತಿದ್ದಳು.

*

ಒಂಬತ್ತನೆಯ ತಿಂಗಳಲ್ಲಿ ಮಾದೇಶನ ಎಡಗಾಲು ಬೀಡಿ ಅಂಗಡಿಯ ಮುಂದೆಯೇ ಸತ್ತಿತು. ಕಾಲಿನ ಕೆಳಗಿಂದ ಯಾರೋ ನೆಲ ಎಳೆದ ಹಾಗೆ ಕುಸಿದು ಬಿದ್ದ. ಗೆಳೆಯರು ಹೊತ್ತು ತಂದರು.

ಡಾಕ್ಟರ್ ಇರಾವತಿ ಪರದೆಯ ಮೇಲೆ ಅವನ ಬೆನ್ನಿನ ಒಳಗನ್ನು ಬಿಡಿಸಿ ತೋರಿಸಿದರು. ಎಳೆಗಳು ಕೊಳವೆಯೊಳಗೆ ಚೆನ್ನಾಗಿಯೇ ತೆವಳಿ ಬಂದು, ನಡುವೆ ಒಂದು ಕಡೆಯಿಂದಾಚೆಗೆ ಸುಟ್ಟ ಬತ್ತಿಯ ಹಾಗೆ ಕಪ್ಪಾಗಿದ್ದವು.

“ಆರು ಸೆಂಟಿಮೀಟರಿನ ಆಚೆಗೆ ತೆಗೆದದ್ದೆಲ್ಲ ಹಾಸು ಸಮೇತ ಹರಿದು ಬಂದಿದೆ. ಅಂಥದ್ದು ನಿಲ್ಲುವುದಿಲ್ಲ. ಬಲಗಾಲು ಹೇಗೋ ಬದುಕಿದೆ, ಎಷ್ಟು ದಿನವೋ ಹೇಳಲಾರೆ.” ಅವರು ಕನ್ನಡಕ ತೆಗೆದು ಒರೆಸಿದರು. “ನನಗೆ ಒಂದು ಅರ್ಥವಾಗುವುದಿಲ್ಲ ಜಯಶೀಲ. ಹಾಸು ಹರಿಯುವಾಗ ಆಕೆ ಕೈ ಯಾಕೆ ಎಳೆದುಕೊಳ್ಳಲಿಲ್ಲ?”

ಹೇಳಲು ಅದಕ್ಕಿಂತ ಸುಲಭದ ಗಳಿಗೆ ಇನ್ನೊಂದಿರಲಿಲ್ಲ. ಜಯಶೀಲ ಬಾಯಿ ತೆರೆದಳು. ಹೇಳಿದರೆ ಮುಂದಿನ ಪ್ರಶ್ನೆ ಏನೆಂಬುದೂ ಅವಳಿಗೆ ಗೊತ್ತಿತ್ತು: ನಿನಗೆ ಮೊದಲೇ ತಿಳಿದಿತ್ತೇ?

“ಗೊತ್ತಿಲ್ಲ ಮೇಡಂ.”

“ಹೋಗಲಿ. ಎಡಗಾಲಿಗೆ ಐದು ಸೆಂಟಿಮೀಟರ್ ಬೇಕು. ನಿನ್ನ ಎಡಗೈ ಸಾಕು. ಸಹಿ ಆಗಲೇ ಇದೆಯಲ್ಲ?”

ಅಂದರೆ ತಾಯಿಯ ಐದು, ಆರರ ಆಚೆಗಿನ ಐದು, ಯಾರಿಗೂ ದಕ್ಕದೆ ಕಸವಾಗಿತ್ತು. ಜಯಶೀಲ ಅಂದು ತನ್ನ ಬೆರಳುಗಳನ್ನು ಉಳಿಸಿಕೊಂಡದ್ದು ಒಂಬತ್ತು ತಿಂಗಳ ಮಟ್ಟಿಗೆ ಮಾತ್ರ.

ಮನೆಯಲ್ಲಿ ಸುದ್ದಿ ಹೇಳಿದಾಗ ಮಾದೇಶ ಮಂಚದಿಂದಲೇ, “ಐದೇ ತಾನೆ? ಅವ್ವ ಹನ್ನೊಂದು ಕೊಟ್ಟವ್ಳೆ,” ಎಂದ. “ನಿಂದು ಒಂದೇ ಕೈ ಬೇರೆ. ಏನು ದೊಡ್ಡ ಪುಣ್ಯ ಮಾಡ್ದೋಳಂಗೆ ಮುಖ ಮಾಡ್ಕೊಂಡಿದೀಯ!”

ಅವತ್ತು ಮುದ್ದೆಯ ತುತ್ತು ಸಾರಿನಲ್ಲಿ ಅದ್ದಿ ತಾಯಿಯ ಬಾಯಿಗಿಡುತ್ತಿದ್ದಾಗ ಚಿಕ್ಕತಾಯಮ್ಮ ತುತ್ತು ನುಂಗಿ ಹೇಳಿದಳು:

“ನಿಂಗೂ ಬರಕ್ಕಿಲ್ಲ ಕಣೆ, ಎಳ್ಕೊಳ್ಳಕ್ಕೆ.”

ಜಯಶೀಲಳ ಕೈ ತಟ್ಟೆಯಲ್ಲಿ ನಿಂತಿತು. “ಬಾಣಲೆ ಬಿಟ್ಟು ಹದಿನಾರು ವರ್ಷ ಆಯ್ತಲ್ಲವ್ವ. ಮರೆತಿರ್ತದೆ.”

“ಕೈ ಮರೆಯಕ್ಕಿಲ್ಲ. ನಾನೇ ಕಲ್ಸಿದ್ದಲ್ವಾ.” ಸ್ವಲ್ಪ ಹೊತ್ತು ಅವಳು ತನ್ನ ಎತ್ತಿ ಹಿಡಿದ ಕೈಗಳನ್ನು ನೋಡಿಕೊಂಡಳು. “ಎಳ್ಕೋಬೇಕು ಅಂತ ಎಷ್ಟು ಬಡ್ಕಂಡೆ ಒಳ್ಗೇ. ಬರ್ಲಿಲ್ಲ. ಆಗ ನಿನ್ ಮುಖ ನೋಡ್ದೆ. ನೀನು ಅಂಕಿ ನೋಡ್ತಿದ್ದೆ.”

ಹೊರಗೆ ಯಾರದೋ ಮನೆಯಲ್ಲಿ ಗೂಡು ಬೇಯುವ ವಾಸನೆ.

“ಇನ್ನೊಂದು ತುತ್ತು ಮಡಗು,” ಎಂದಳು ತಾಯಿ. “ಸಾರು ಚೆನ್ನಾಗೈತೆ.”

*

ಗುಂಡಿಯ ಮುಂದೆ ಮಾದೇಶ ಕೂರುವುದೆಂದು ತೀರ್ಮಾನವಾಗಿತ್ತು. ಅವನ ಗಾಲಿಕುರ್ಚಿಯನ್ನು ದಾದಿ ಗುಳಿಯ ಹತ್ತಿರಕ್ಕೆ ತಳ್ಳುತ್ತಿದ್ದಾಗ ಚಿಕ್ಕತಾಯಮ್ಮ ಬಾಗಿಲಲ್ಲಿ ಬಂದು ನಿಂತಳು. ಬಸ್ಸಿನ ಗಾಳಿಗೆ, ಜನರ ಸೋಂಕಿಗೆ, ಎರಡೂ ಕೈ ಎದೆಯ ಮುಂದೆ ಎತ್ತಿ ಹಿಡಿದು ಹೇಗೆ ಬಂದಳೋ.

“ನಾನು ಕುಂತ್ಕತೀನಿ.”

“ನೀನಾ!” ಮಾದೇಶ ನಕ್ಕ. “ಡಾಕ್ಟ್ರೇ, ಫ್ಯಾನ್ ಗಾಳಿ ತಾಕಿದ್ರೆ ಹಲ್ಲು ಕಚ್ತಾಳೆ ಇವ್ಳು. ಗುಂಡಿ ಒತ್ತಾಳಂತೆ!”

“ಅವನ್ ಕೈಗೆ ಕೊಡಬ್ಯಾಡಿ,” ಎಂದಳು ಚಿಕ್ಕತಾಯಮ್ಮ, ಮಗನನ್ನು ನೋಡದೆ. “ಅವನಿಗೆ ಕಾಲು ಬೇಕು.”

ಡಾಕ್ಟರ್ ಇರಾವತಿ ಆ ಕೈಗಳನ್ನು ನೋಡಿದರು. ರಕ್ತಸಂಬಂಧಿ ಇರಬೇಕು ಎಂದು ನಿಯಮವಿತ್ತು. ಕೈ ಹೇಗಿರಬೇಕು ಎಂದು ನಿಯಮವಿರಲಿಲ್ಲ. ಒತ್ತಲಾಗದವಳು ಅಲ್ಲಿ ಕೂತರೆ ಅವರಿಗೇನೂ ತೊಂದರೆಯಿರಲಿಲ್ಲ. “ಆಗಲಿ, ತಾಯಿಯೇ ಇರಲಿ,” ಎಂದರು. ಮಾದೇಶನನ್ನು ಗೋಡೆಯ ಪಕ್ಕಕ್ಕೆ ಸರಿಸಿದರು.

ಜಯಶೀಲ ಎಡಗೈ ತಟ್ಟೆಯ ಮೇಲಿಟ್ಟಳು. ರಬ್ಬರು ಕಚ್ಚಿದಳು. ಎರಡು ಮೊಳ ದೂರದಲ್ಲಿ ತಾಯಿ ಕೂತಿದ್ದಳು.

ಇರುವೆ ಹರಿದಂತಾಯಿತು. ಒಂದು. ಎರಡು. ತನ್ನ ಒಳಗಿನದು ಗಾಜಿನ ದಾರವಾಗಿ ಸುತ್ತಿಕೊಳ್ಳುವುದನ್ನು ಕಂಡು, ಎಷ್ಟು ಸಮವಾಗಿ ಬರುತ್ತಿದೆ ಎಂದು ಅವಳಿಗೂ ಅನ್ನಿಸಿತು. ಮೂರು. ಮೂರೂಕಾಲಿಗೆ ಇರುವೆಗಳು ನಿಂತವು.

ಅದು ಕುದಿನೀರಿನಂತಿರಲಿಲ್ಲ. ಕುದಿನೀರು ಹೊರಗಿನಿಂದ ಬರುತ್ತದೆ, ಚರ್ಮದ ಬಾಗಿಲು ತಟ್ಟುತ್ತದೆ. ಇದು ಮನೆಯೊಳಗೇ ಹತ್ತಿಕೊಂಡ ಬೆಂಕಿ. ಎಳ್ಕೋ, ಎಂದಳು ಜಯಶೀಲ ತನ್ನ ಕೈಗೆ. ಎಳ್ಕೋ. ಕೈ ತಟ್ಟೆಯ ಮೇಲೆ ಬೇರೆ ಯಾರದೋ ವಸ್ತುವಿನಂತೆ, ವಿಧೇಯವಾಗಿ, ಬೆರಳು ಬಿಡಿಸಿಕೊಂಡು ಮಲಗಿತ್ತು. ಅದು ಒಂಬತ್ತು ವರ್ಷದ ಹುಡುಗಿಯ ಕೈ. ಹತ್ತರ ಗಂಟ ಎಣಿಸಲು ಹೇಳಿದ್ದರು, ಎಣಿಸುತ್ತಿತ್ತು.

ಬಲಗಾಲಿನ ಹೆಬ್ಬೆರಳು ಮಡಿಸಿಕೊಂಡಿತು.

“ಮಗಳೂ ತಾಯಿಯ ಹಾಗೆಯೇ!” ಎಂದ ಡಾಕ್ಟರರ ಸ್ವರ ಎಲ್ಲೋ ದೂರದಲ್ಲಿ ಕೇಳಿತು. ಮೂರೂವರೆ. ಜಯಶೀಲ ಮುಖ ಹೊರಳಿಸಿ ತಾಯಿಯನ್ನು ನೋಡಿದಳು. ತಾಯಿ ಅವಳ ಮುಖವನ್ನು ನೋಡುತ್ತಿರಲಿಲ್ಲ, ಅಂಕಿಯನ್ನೂ ನೋಡುತ್ತಿರಲಿಲ್ಲ. ಹೊದಿಕೆಯ ತುದಿಯನ್ನು ನೋಡುತ್ತಿದ್ದಳು.

ಚಿಕ್ಕತಾಯಮ್ಮ ಬಲಗೈಯನ್ನು ಗುಳಿಯೊಳಗೆ ಇಳಿಸಿದಳು. ಬಾಣಲೆಗೆ ಇಳಿಸುವ ಹಾಗೆ ಇಳಿಸಿದಳು, ಆತುರವಿಲ್ಲದೆ, ನೀರು ಚಿಮ್ಮದಂತೆ. ಗುಳಿಯ ಅಂಚು ಬೆರಳುಗಳನ್ನು ಉಜ್ಜಿತು. ಅವಳ ಮುಖದ ಬಣ್ಣ ಹೋಯಿತು. ಒತ್ತಿದಳು.

“ಒಂದು,” ಎಂದಳು. “ಎಲ್ಡು. ಮೂರು.”

ರಾಟೆ ನಿಂತಿತು. ಪರದೆಯ ಮೇಲೆ ಮೂರು ಮುಕ್ಕಾಲು.

“ಅಯ್ಯೋ ಹಾಳಾದ್ ಮುದ್ಕಿ!” ಮಾದೇಶ ಗಾಲಿಕುರ್ಚಿಯಲ್ಲೇ ಕುಪ್ಪಳಿಸಿದ, ಬಡಿದುಕೊಂಡ. “ನನ್ ಕಾಲು ಕಣೇ! ನನ್ ಕಾಲು! ಮಗ್ಳು ಹೆಚ್ಚಾದ್ಲಾ ನಿಂಗೆ?” ಅವನನ್ನು ದಾದಿ ಹೊರಗೆ ತಳ್ಳಿಕೊಂಡು ಹೋದಳು. ಕಾರಿಡಾರಿನ ಉದ್ದಕ್ಕೂ ಅವನ ಬೈಗುಳ ಕೇಳಿಸುತ್ತಲೇ ಇತ್ತು.

“ಯಂತ್ರ ನಿಂತಿದೆ ಚಿಕ್ಕತಾಯಮ್ಮನವರೇ,” ಎಂದರು ಡಾಕ್ಟರು ಬೇಸರದಿಂದ. “ಇನ್ನು ಕೈ ತೆಗೆಯಿರಿ.”

“ನಾಕು,” ಎಂದಳು ಚಿಕ್ಕತಾಯಮ್ಮ. “ಐದು.”

“ಕೈ ತೆಗೆಯಿರಿ ಅಂದೆನಲ್ಲ.”

ಕೈ ಬರಲಿಲ್ಲ. ಬತ್ತಲೆ ನರಗಳ ಬೆರಳು ಗುಂಡಿಯನ್ನು ಒತ್ತಿಕೊಂಡೇ ಇತ್ತು. ಕುರ್ಚಿಯ ಕೆಳಗೆ ಚಪ್ಪಲಿ ಕಳಚಿದ ಕಾಲಿನ ಹೆಬ್ಬೆರಳು ನೆಲವನ್ನು ಕೊರೆಯುವಂತೆ ಒತ್ತುತ್ತಿತ್ತು. ಡಾಕ್ಟರ್ ಇರಾವತಿ ಮೊದಲ ಸಲ ಆ ಹೆಬ್ಬೆರಳನ್ನು ನೋಡಿದರು. ನೋಡಿ, ನಿಧಾನವಾಗಿ ತಿರುಗಿ, ಹಾಸಿಗೆಯ ಮೇಲಿನ ಜಯಶೀಲಳ ಕಾಲನ್ನು ನೋಡಿದರು.

ಜಯಶೀಲ ರಬ್ಬರನ್ನು ಉಗುಳಿದಳು. “ಅವ್ವ, ಸಾಕು. ಎಳ್ಕೊ.”

“ಏಳು,” ಎಂದಳು ತಾಯಿ. ಅವಳ ಕಣ್ಣು ಮಗಳ ಮೇಲಿತ್ತು; ಅದರಲ್ಲಿ ಬೈಗುಳವಿರಲಿಲ್ಲ, ಕ್ಷಮೆಯೂ ಇರಲಿಲ್ಲ. ಬಾಣಲೆಯ ಮುಂದೆ ಕೂತವಳು ಎದುರಿನ ಬಾಣಲೆಯವಳನ್ನು ನೋಡುವ ನೋಟ ಅದು. “ಬರಕ್ಕಿಲ್ಲ ಕಣೆ.”

ಎಡಗೈಯಲ್ಲಿ ಸೂಜಿ ಇನ್ನೂ ನೆಟ್ಟೇ ಇತ್ತು. ಜಯಶೀಲ ಬಲಗೈ ಚಾಚಿದಳು. ತಾಯಿಯ ಮಣಿಕಟ್ಟು ಅವಳ ಬೆರಳಿಗೆ ಒಂದು ಗೇಣಿನಷ್ಟು ದೂರದಲ್ಲಿತ್ತು. ಮುಟ್ಟಿದರೂ ಉರಿ, ಮುಟ್ಟದಿದ್ದರೂ ಉರಿ. ಹಿಂದೆ ಆ ತಾಯಿ ಮಗಳ ಮಣಿಕಟ್ಟನ್ನು ಎಲ್ಲಿ ಅದುಮುತ್ತಿದ್ದಳೋ ಅದೇ ಜಾಗದಲ್ಲಿ ಎರಡು ಬೆರಳಿಟ್ಟು, ಹಿಡಿದು, ಜಯಶೀಲ ಆ ಕೈಯನ್ನು ಗುಳಿಯಿಂದ ಎತ್ತಿದಳು.

ಐವತ್ತು ವರ್ಷ ಗೂಡುಪೇಟೆಯಲ್ಲಿ ಯಾರೂ ಕೇಳಿರದ ಚಿಕ್ಕತಾಯಮ್ಮನ ಕೂಗು ಆಗ ಕೇಳಿತು.